ಮಂಜುಗಡ್ಡೆಯ ಮೇಲೆ ದಸ್ತಗೀರನ ಬಳೆ

ಖಾನಾಪುರ: ಹೊರಡುವ ಮುಂಚೆ

ಪರದೇಶಕ್ಕೆ ಹೋಗಿ ಬಂದವರು ಒಂದು ವಾರವಾದರೂ ಊರಲ್ಲಿ ಉಬ್ಬಿಕೊಂಡು ತಿರುಗುತ್ತಾರೆ. ನಾನು ಬಂದವನೇ ಎರಡು ದಿನ ಮಲಗಿಬಿಟ್ಟೆ. ಯಾರಾದರೂ ಬಾಗಿಲಿಗೆ ಬಂದು "ಹೆಂಗಿತ್ರಿ ರಾಯರ ಆ ದೇಶ?" ಎಂದು ಕೇಳಿದರೆ ನನ್ನ ಹೆಂಡತಿ ಸುಶೀಲೆಯೇ "ಭಾಳ ಥಂಡಿ ಇತ್ತಂತ್ರಿ" ಎಂದು ಹೇಳಿ ಕಳಿಸುತ್ತಿದ್ದಳು. ಅದಕ್ಕಿಂತ ಹೆಚ್ಚು ಹೇಳುವ ತ್ರಾಣ ಈಗ ಬಂದಿದೆ.

ನನಗೆ ಪ್ರವಾಸವೆಂದರೆ ಮೊದಲಿನಿಂದಲೂ ಬೇಸರ. ಇಪ್ಪತ್ತೆರಡು ವರ್ಷ ದಿನಾಲೂ ಖಾನಾಪುರದಿಂದ ಬೆಳಗಾವಿಯ ಉದ್ಯಮಬಾಗಕ್ಕೆ ಬಸ್ಸಿನಲ್ಲಿ ನಿಂತು ಹೋಗಿ ಬಂದವನಿಗೆ ಇನ್ನೂ ದೂರ ಹೋಗಬೇಕೆಂಬ ಆಸೆ ಎಲ್ಲಿಂದ ಹುಟ್ಟಬೇಕು? ಅಲ್ಲಿಯ ಒಂದು ಸಣ್ಣ ಫೌಂಡ್ರಿಯಲ್ಲಿ ನಾನು ಮಾಲು ತಪಾಸಣೆ ಮಾಡುವವನು. ಬೀಡು ಕಬ್ಬಿಣದ ಎರಕ ತಣ್ಣಗಾದ ಮೇಲೆ ಅದನ್ನು ತೂಗಿ, ಬಡಿದು ಸದ್ದು ಕೇಳಿ, ಒಳಗೆ ಗಾಳಿತೂತು ಬಿದ್ದಿದೆಯೇ ನೋಡಿ, ಪಾಸೋ ರಿಜೆಕ್ಟೋ ಎಂದು ಸುಣ್ಣದ ಗುರುತು ಹಾಕುವುದು ನನ್ನ ಕೆಲಸ. ಇದರಲ್ಲಿ ನಾನು ಬಲು ಕಟ್ಟುನಿಟ್ಟಿನವನೆಂದು ಹೆಸರಿತ್ತು. ಆ ಹೆಸರಿನ ಬಗ್ಗೆ ನನಗೆ ಸ್ವಲ್ಪ ಸೊಕ್ಕೂ ಇತ್ತು.

ಪಂಪು, ಮೋಟರುಗಳ ಭಾಗ ಮಾಡುತ್ತಿದ್ದ ನಮ್ಮಲ್ಲಿಗೆ ಎಂಬತ್ತರ ದಶಕದ ಆರಂಭದಲ್ಲಿ ಒಂದು ವಿಚಿತ್ರ ಕೆಲಸ ಬಂತು. ಆಸ್ಟ್ರಿಯಾ ದೇಶದಲ್ಲಿ ಮಂಜುಗಡ್ಡೆಯ ಮೇಲೆ ಆಡುವ ಐಸ್‌ಸ್ಟಾಕ್ ಎಂಬ ಆಟವಿದೆ. ಕೆಳಗೆ ಅಗಲವಾದ ದುಂಡು ತಳ, ಮೇಲೆ ಕೊಂಚ ಬಾಗಿದ ಉದ್ದ ಹಿಡಿ, ತಳದ ಸುತ್ತ ಕಬ್ಬಿಣದ ಬಳೆ. ಈ ಸ್ಟಾಕನ್ನು ಹಿಡಿದು ಬೀಸಿ ಮಂಜುಗಡ್ಡೆಯ ಮೇಲೆ ಜಾರಿಸಿಬಿಡಬೇಕು. ಆ ಬಳೆಗಳನ್ನು ನಾವು ಹೊಯ್ದುಕೊಡಬೇಕಿತ್ತು. ಮೊದಲು ಮಾದರಿಗೆಂದು ಹನ್ನೆರಡು.

ನಮ್ಮ ಫೌಂಡ್ರಿಯಲ್ಲಿ ಒಂದು ಪದ್ಧತಿ ಇದೆ. ಯಾವುದೇ ಹೊಸ ಮಾಲಿನ ಮೊದಲನೇ ಎರಕ ಮಾರಾಟಕ್ಕೆ ಹೋಗುವುದಿಲ್ಲ. ಭಟ್ಟಿಯ ಬಾಜುವಿನ ಗೋಡೆಗೆ ಒಂದು ಹಲಗೆ ಹೊಡೆದಿದೆ. ಹೊಸದೊಂದು ಬರುವ ತನಕ ಆ ಮೊದಲನೆಯದು ಅಲ್ಲೇ ಇರುತ್ತದೆ. ಬೀಡು ಹೊಯ್ಯುವ ದಿನ ಕೆಲಸದವರೆಲ್ಲ ಅದನ್ನು ಮುಟ್ಟಿ ಹಣೆಗೆ ಒತ್ತಿಕೊಂಡು ಮುಂದಕ್ಕೆ ಹೋಗುತ್ತಾರೆ. ಹಿಂದೂ ಮುಸಲ್ಮಾನ ಎಂಬ ಭೇದ ಆ ಹಲಗೆಯ ಮುಂದೆ ಯಾರೂ ಮಾಡಿದ್ದಿಲ್ಲ. ಉಸುಕಿನಲ್ಲಿ ಅಚ್ಚು ತೆಗೆಯುವ ಹಿರಿಯ ಕೆಲಸಗಾರ ದಸ್ತಗೀರಣ್ಣ ಮೊದಲನೇ ಅಚ್ಚಿನ ಉಸುಕಿಗೆ ತನ್ನ ಎಡಗೈ ಹೆಬ್ಬೆಟ್ಟನ್ನು ಮೆಲ್ಲಗೆ ಒತ್ತುತ್ತಾನೆ. ಎರಕದ ಮೇಲೆ ಅದು ಸಣ್ಣ ಉಬ್ಬಾಗಿ ಮೂಡುತ್ತದೆ. ಬೆರಳಿನ ಗೆರೆಗಳೂ ಕಾಣುತ್ತವೆ. ಅದೇ ಮೊದಲನೆಯದರ ಗುರುತು.

ದಸ್ತಗೀರಣ್ಣ ಮತ್ತು ನಾನು ಇಪ್ಪತ್ತು ವರ್ಷ ಮಧ್ಯಾಹ್ನ ಒಟ್ಟಿಗೆ ಉಂಡವರು. ಅವನು ಬೆಳಗಾವಿ ಕೋಟೆಯ ಕಡೆಯಿಂದ ಸೈಕಲ್ಲಿನಲ್ಲಿ ಬರುವವನು. ಮನೆಯಲ್ಲಿ ದಖನಿ ಉರ್ದು, ನನ್ನ ಜೊತೆ ನಮ್ಮ ಕನ್ನಡ. ನನ್ನ ಡಬ್ಬಿಯ ಶೇಂಗಾ ಚಟ್ನಿ ಅವನಿಗೆ, ಅವನ ಮನೆಯ ಉಪ್ಪಿನಕಾಯಿ ನನಗೆ.

ಮಾಲು ಕಳಿಸುವ ದಿನ ಹನ್ನೆರಡರಲ್ಲಿ ಒಂದು ಬಳೆ ಉಜ್ಜುವಾಗ ಸೀಳಿತು. ಮತ್ತೆ ಭಟ್ಟಿ ಹಚ್ಚುವುದು ಮುಂದಿನ ವಾರ. ಮುಂಬಯಿಗೆ ಹೋಗುವ ಲಾರಿ ಬಾಗಿಲಲ್ಲಿ ನಿಂತಿದೆ. ದಸ್ತಗೀರಣ್ಣ ಆ ದಿನ ರಜೆಯ ಮೇಲಿದ್ದ. ನಾನು ಆಚೆ ಈಚೆ ನೋಡಿ, ಹಲಗೆಯ ಮೇಲಿನ ಬಳೆಯನ್ನು ಇಳಿಸಿ ಪೆಟ್ಟಿಗೆಗೆ ಹಾಕಿದೆ. ಅದರ ಜಾಗಕ್ಕೆ ನಾನೇ ರಿಜೆಕ್ಟ್ ಮಾಡಿದ್ದ ಒಂದು ಬಳೆ ಇಟ್ಟು, ಅದರ ಗಾಳಿತೂತನ್ನು ಗೋಡೆಯ ಕಡೆಗೆ ತಿರುಗಿಸಿದೆ. ಸುಣ್ಣದ ಗುರುತನ್ನು ಅಂಗಿಯ ತುದಿಯಿಂದ ಒರೆಸಿದೆ.

ಮರುದಿನ ದಸ್ತಗೀರಣ್ಣ ಬಂದ. ಮಧ್ಯಾಹ್ನ ಡಬ್ಬಿ ತೆಗೆದುಕೊಂಡು ಉಸುಕಿನ ರಾಶಿಯ ಆಚೆಗೆ ಹೋಗಿ ಒಬ್ಬನೇ ಕೂತ. ಅಲ್ಲಿಂದ ಎಂಟು ತಿಂಗಳು ಕೆಲಸದ ಮಾತು ಬಿಟ್ಟರೆ ನನ್ನ ಜೊತೆ ಒಂದು ಮಾತಿಲ್ಲ. ನಾನೂ ಕೇಳಲಿಲ್ಲ. ಏನೆಂದು ಕೇಳಲಿ?

ಫೆಬ್ರುವರಿಯಲ್ಲಿ ಆ ಆಟದ ಅಂತರರಾಷ್ಟ್ರೀಯ ಚಾಂಪಿಯನ್‌ಶಿಪ್ ಇದೆ, ನಿಮ್ಮ ಬಳೆಗಳನ್ನೂ ಕೆಲವರು ಹಾಕಿಕೊಂಡು ಆಡುತ್ತಾರೆ, ಯಾರಾದರೂ ಬಂದು ನೋಡಿ ಎಂದು ಅಲ್ಲಿಯ ಏಜೆಂಟನಿಂದ ಕಾಗದ ಬಂತು. ನಮ್ಮ ಮಾಲಕರಿಗೆ ಆಗಷ್ಟೇ ಕಣ್ಣಿನ ಆಪರೇಷನ್ ಆಗಿತ್ತು.

"ನೀವ ಹೋಗ್ರಿ ರಾಯರ," ಎಂದರು ಹಸಿರು ಪಟ್ಟಿಯೊಳಗಿಂದ. "ಪಾಸ್ ಮಾಡಿದಾವ್ರು ನೀವು. ಅದು ಹೆಂಗ ಆಡ್ತೈತಿ ಅಂತ ನೋಡಾವ್ರೂ ನೀವ ಇರ್ಬೇಕು."

ಒಲ್ಲೆ ಎನ್ನಲು ಬಾಯಿ ತೆರೆದವನು ಹೂಂ ಎಂದೆ. ಆಟ ನೋಡುವ ಆಸೆಯಿಂದಲ್ಲ. ಆ ಹೆಬ್ಬೆಟ್ಟಿನ ಬಳೆಯನ್ನು ಹುಡುಕಿ ತಿರುಗಿ ತಂದು ಹಲಗೆಯ ಮೇಲೆ ಇಟ್ಟುಬಿಟ್ಟರೆ ಎಲ್ಲ ಮೊದಲಿನಂತಾಗುತ್ತದೆ ಎಂದು ನನಗೆ ಅನ್ನಿಸಿತ್ತು.

ದಾರಿ

ದಾರಿಯ ಬಗ್ಗೆ ಹೇಳುವಂಥದ್ದು ಕಡಿಮೆ. ಮುಂಬಯಿಯಲ್ಲಿ ವಿಮಾನ ತಡವಾಯಿತು, ಕಾಲು ಊದಿದವು. ಮಾಲಕರ ಓವರ್‌ಕೋಟು ನನ್ನ ಮೇಲೆ ಗೂಟಕ್ಕೆ ಹಾಕಿದ ಹಾಗೆ ಜೋತುಬಿದ್ದಿತ್ತು. ಅವರು ನನಗಿಂತ ಒಂದು ಗೇಣು ಎತ್ತರ. ತಲೆಗೆ ಸುಶೀಲೆ ಹೆಣೆದ ಮಂಕಿ ಟೋಪಿ. ಆಸ್ಟ್ರಿಯಾದಲ್ಲಿ ಇಳಿದಾಗ ಸುಂಕದ ಅಧಿಕಾರಿ ನನ್ನ ಚೀಲ ತೆಗೆಸಿ, ಶೇಂಗಾ ಚಟ್ನಿಯ ಪೊಟ್ಟಣ ಮೂಸಿ ನೋಡಿದ. ಮೂಗಿಗೆ ಪುಡಿ ಹೋಯಿತೋ ಏನೋ, ನಾಲ್ಕು ಸಲ ಸೀನಿದ. ಆಮೇಲೆ ಕೈಯಿಂದಲೇ ಹೋಗು ಹೋಗು ಎಂದ.

ಏಜೆಂಟ್ ಫ್ರಾಂಟ್ಸ್ ನನ್ನನ್ನು ಕರೆದೊಯ್ಯಲು ಬಂದಿದ್ದ. ಇಂಗ್ಲಿಷ್ ಬಲ್ಲವನು, ಮಾತು ಕಡಿಮೆ. ಬೆಟ್ಟದ ನಡುವಿನ ಆ ಊರಿಗೆ ಹೋಗುವ ತನಕ ದಾರಿಯುದ್ದಕ್ಕೂ ಬಿಳಿ ಬಿಟ್ಟರೆ ಬೇರೆ ಬಣ್ಣವಿರಲಿಲ್ಲ. ಜನ ಇದನ್ನು ಚಂದ ಎನ್ನುತ್ತಾರೆ. ನನಗೆ ಯಾರೋ ಊರಿಗೆಲ್ಲ ಸುಣ್ಣ ಹೊಡೆದು ರಿಜೆಕ್ಟ್ ಮಾಡಿದಂತೆ ಕಂಡಿತು.

ಮೊದಲ ದಿನ: ಎಣ್ಣೆ ಹರಿದದ್ದು, ನಾನು ಬಿದ್ದದ್ದು

ಇಳಿದುಕೊಂಡದ್ದು ಒಬ್ಬ ವಿಧವೆಯ ಮನೆಯ ಮಾಳಿಗೆಯ ಕೋಣೆಯಲ್ಲಿ. ಆ ತಾಯಿ ಬೆಳಗ್ಗೆ ಬಂದವಳೇ ಕಿಟಕಿಗಳನ್ನೆಲ್ಲ ತೆರೆದು ನನ್ನ ಹಾಸಿಗೆಯನ್ನು ಹೊರಗೆ ಜೋತುಹಾಕಿದಳು. ಹೊರಗೆ ನೀರು ಕಲ್ಲಾಗಿದೆ, ಒಳಗೆ ನಾನು ಹಲ್ಲು ಕಡಿಯುತ್ತ ನಿಂತಿದ್ದೇನೆ, ಇವಳಿಗೆ ಹಾಸಿಗೆಗೆ ಗಾಳಿಯಾಡಬೇಕು! ಆ ಊರಿನಲ್ಲಿ ಎಲ್ಲರೂ ಹಾಗೆಯೇ ಮಾಡುತ್ತಾರೆ. ಬೀದಿಯುದ್ದಕ್ಕೂ ಕಿಟಕಿಗಳಿಂದ ಹಾಸಿಗೆಗಳು ನಾಲಿಗೆ ಚಾಚಿಕೊಂಡಿದ್ದವು.

ಸುಶೀಲೆ ತಲೆಗೆ ಹಚ್ಚಿಕೊಳ್ಳಲೆಂದು ಕಟ್ಟಿಕೊಟ್ಟ ಕೊಬ್ಬರಿ ಎಣ್ಣೆ ಶೀಶೆಯಲ್ಲಿ ಮೇಣದಂತೆ ಗಟ್ಟಿಯಾಗಿತ್ತು. ಗೋಡೆಗಿದ್ದ ಬಿಸಿನೀರಿನ ಕೊಳವೆಯ ಮೇಲೆ ಶೀಶೆಯನ್ನು ಮಲಗಿಸಿ ಮುಖ ತೊಳೆಯಲು ಹೋದೆ. ಬೂಚು ಸಡಿಲವಿತ್ತು. ತಿರುಗಿ ಬರುವಷ್ಟರಲ್ಲಿ ಎಣ್ಣೆ ಕರಗಿ ಕೊಳವೆಗಳ ಮೇಲೆಲ್ಲ ಹರಿದು ಮನೆ ತುಂಬ ನಮ್ಮ ಹಬ್ಬದ ದಿನದ ವಾಸನೆ. ಮನೆಯಾಕೆ ಓಡಿ ಬಂದಳು. ಬೈಯುತ್ತಾಳೆ ಎಂದುಕೊಂಡೆ. ಅವಳು ಮೂಗು ಅರಳಿಸಿ, "ಕೇಕ್?" ಎಂದಳು. ತಲೆ ತೋರಿಸಿ ತಿಳಿಸಿ ಹೇಳುವಷ್ಟರಲ್ಲಿ ನನಗೆ ಸಾಕುಸಾಕಾಯಿತು.

ಆಟದ ಅಂಗಳ ಊರ ಹೊರಗೆ ಬೆಟ್ಟದ ಬುಡದಲ್ಲಿ. ಹಲವಾರು ದೇಶಗಳ ಬಾವುಟಗಳೇನೋ ಹಾರುತ್ತಿದ್ದವು, ಆದರೆ ನೋಡಲು ಬಂದ ಜನ ನಮ್ಮ ಖಾನಾಪುರದ ಸಂತೆಯ ಒಂದು ಮೂಲೆಯಷ್ಟೂ ಇರಲಿಲ್ಲ. ಬಂದವರು ಕೂಗುವುದಿಲ್ಲ, ಕುಣಿಯುವುದಿಲ್ಲ. ಕೈಗವಸು ಹಾಕಿಕೊಂಡೇ ಚಪ್ಪಾಳೆ ತಟ್ಟುತ್ತಾರೆ, ಸದ್ದೇ ಬರುವುದಿಲ್ಲ.

ಮಂಜುಗಡ್ಡೆಯ ಅಂಚಿಗೆ ಕಾಲಿಟ್ಟವನೇ ಬಿದ್ದೆ. ಓವರ್‌ಕೋಟು ಮೇಲಕ್ಕೆ, ನಾನು ಕೆಳಕ್ಕೆ. ನಮ್ಮಲ್ಲಾಗಿದ್ದರೆ ನಾಲ್ಕು ಜನ ನಗುತ್ತಿದ್ದರು, ಎಂಟು ಜನ ಎತ್ತುತ್ತಿದ್ದರು. ಇಲ್ಲಿ ಯಾರೂ ನಗಲಿಲ್ಲ. ಒಬ್ಬ ಮುದುಕ ಬಂದು ಕೈ ಕೊಟ್ಟು ಎಬ್ಬಿಸಿ, ಒಂದು ಬಕೆಟ್ಟಿನಿಂದ ಬೂದಿ ತಂದು ನಾನು ನಿಂತಲ್ಲಿ ಚೆಲ್ಲಿ, ಏನೂ ಆಗಲಿಲ್ಲವೆಂಬಂತೆ ಹೋದ. ನಕ್ಕಿದ್ದರೇ ವಾಸಿಯಿತ್ತು.

ಆಟ ನೋಡಿದರೆ ಗೋಲಿ ಆಡಿದವರಿಗೆ ಕೂಡಲೇ ತಿಳಿಯುತ್ತದೆ. ಒಂದೊಂದು ಪಾರ್ಟಿಯಲ್ಲಿ ನಾಲ್ಕು ಜನ. ದೂರದಲ್ಲಿ ರಬ್ಬರಿನ ಒಂದು ಚಿಕ್ಕ ಗುರಿ ಇಟ್ಟಿರುತ್ತಾರೆ. ಯಾರ ಸ್ಟಾಕು ಅದಕ್ಕೆ ಹತ್ತಿರ ನಿಂತಿತೋ ಅವರಿಗೆ ಅಂಕ. ಹತ್ತಿರ ನಿಂತಿರುವ ಎದುರಾಳಿಯದನ್ನು ಹೊಡೆದು ದೂಡಬಹುದು. ಕಬ್ಬಿಣಕ್ಕೆ ಕಬ್ಬಿಣ ಬಡಿದಾಗ ಠಣ್ ಎನ್ನುತ್ತದೆ. ಆ ದೇಶದಲ್ಲಿ ನನಗೆ ಅರ್ಥವಾದ ಮೊದಲ ಶಬ್ದ ಅದು. ಕಣ್ಣು ಮುಚ್ಚಿಕೊಂಡು ಕೇಳಿದೆ. ಹತ್ತು ಹೊಡೆತದಲ್ಲಿ ಎರಡು ನಮ್ಮ ಬೀಡಿನ ಸದ್ದು.

ಎರಡನೆಯ ದಿನ: ಆಲೋಯಿಸ್

ಹನ್ನೆರಡು ಬಳೆಗಳಲ್ಲಿ ಏಳು ಬೇರೆ ಬೇರೆ ಊರಿಗೆ ಹೋಗಿವೆ, ಐದು ಇಲ್ಲಿವೆ ಎಂದು ಫ್ರಾಂಟ್ಸ್ ಹೇಳಿದ. ನಾಲ್ಕನ್ನು ನೋಡಿದೆ. ಉಬ್ಬು ಇರಲಿಲ್ಲ. ಐದನೆಯದು ನನ್ನನ್ನು ಎಬ್ಬಿಸಿ ಬೂದಿ ಚೆಲ್ಲಿದ ಮುದುಕನ ಕೈಯಲ್ಲಿತ್ತು.

ಹೆಸರು ಆಲೋಯಿಸ್. ಹತ್ತಾರು ಆಕಳು ಕಟ್ಟಿಕೊಂಡು ಹಾಲು ಹಾಕುವವನು. ಅರವತ್ತೈದು ದಾಟಿದೆ, ಪ್ರತಿ ವರ್ಷ ಇದೇ ಕೊನೆ ಎನ್ನುತ್ತಾನೆ, ಈ ವರ್ಷ ನಿಜವಾಗಿಯೂ ಕೊನೆಯಂತೆ. ಕೈ ನಡುಗಲು ಹತ್ತಿದೆ. ತನ್ನ ಸರದಿ ಬರುವ ಮುಂಚೆ ಅವನು ಸ್ಟಾಕನ್ನು ತೊಡೆಯ ಮೇಲೆ ಇಟ್ಟುಕೊಂಡು, ಬಳೆಯ ಮೇಲಂಚಿನ ಒಂದು ಜಾಗದಲ್ಲಿ ಹೆಬ್ಬೆಟ್ಟು ಇಟ್ಟು, ಕಣ್ಣು ಮುಚ್ಚಿ ಕೂರುತ್ತಿದ್ದ. ನಾನು ಬಗ್ಗಿ ನೋಡಿದೆ. ಅವನು ಬೆರಳು ತೆಗೆದಾಗ ಅದರ ಕೆಳಗೆ ದಸ್ತಗೀರಣ್ಣನ ಹೆಬ್ಬೆಟ್ಟಿತ್ತು.

ಉದ್ಯಮಬಾಗದ ಉಸುಕಿನಲ್ಲಿ ಒತ್ತಿದ ಗೆರೆಗಳು, ಒಂದೂ ಅಳಿಸಿರಲಿಲ್ಲ.

"ಇದನ್ನು ಉಜ್ಜಿ ತೆಗೆದುಕೊಡುತ್ತೇನೆ ಎಂದೆ, ಬೇಡವೆಂದ," ಎಂದು ಫ್ರಾಂಟ್ಸ್ ಹೇಳಿದ. "ಇದರ ಮೇಲೆ ಬೆರಳಿಟ್ಟರೆ ಇವನ ಕೈ ನಡುಗುವುದು ನಿಲ್ಲುತ್ತದಂತೆ. ಮೂವತ್ತು ವರ್ಷದ ಹಳೆಯ ಬಳೆ ಬಿಟ್ಟು ಇದನ್ನು ಹಾಕಿಕೊಂಡಿದ್ದಾನೆ."

ಫ್ರಾಂಟ್ಸನ ಮೂಲಕ ನಾನು ಎಲ್ಲ ಹೇಳಿದೆ. ಹಲಗೆ, ಪದ್ಧತಿ, ನಾನು ಮಾಡಿದ ಅದಲುಬದಲು, ಎಂಟು ತಿಂಗಳ ಮೌನ. ಇದನ್ನು ನನಗೆ ಕೊಟ್ಟುಬಿಡು, ಇದರ ಬದಲು ಇನ್ನೊಂದು ಕಳಿಸುತ್ತೇನೆ ಎಂದು ಕೇಳಿಕೊಂಡೆ. ಸುಶೀಲೆಗೂ ಹೇಳದ ಮಾತನ್ನು ಭಾಷೆ ಬಾರದ ಹಾಲಿನವನ ಮುಂದೆ ಹೇಳಿದ್ದೆ.

ಆಲೋಯಿಸ್ ಬಹಳ ಹೊತ್ತು ಸುಮ್ಮನಿದ್ದ. ಆ ಕಡೆಯವರು ಉತ್ತರ ಕೊಡುವ ಮುಂಚೆ ಹಾಗೆ ಸುಮ್ಮನಿರುತ್ತಾರೆ, ಕೇಳಿದವನಿಗೆ ಕಿವುಡರೇನೋ ಅನ್ನಿಸುತ್ತದೆ. ಆಮೇಲೆ ಹೇಳಿದ: "ನಾಳೆ ಕೊನೆಯ ದಿನ. ಗೆದ್ದರೆ ಇದು ನನ್ನ ಜೊತೆಯೇ ಮಣ್ಣಿಗೆ ಬರುತ್ತದೆ. ಸೋತರೆ ನೀನು ತೆಗೆದುಕೊಂಡು ಹೋಗು."

ಮಧ್ಯಾಹ್ನ ಅವನು ತನ್ನ ರೊಟ್ಟಿಯನ್ನು ಮುರಿದು ಅರ್ಧ ನನಗೆ ಕೊಟ್ಟ. ಇಟ್ಟಿಗೆಯಂಥ ಕಪ್ಪು ರೊಟ್ಟಿ. ನಾನು ಅದರ ಮೇಲೆ ಶೇಂಗಾ ಚಟ್ನಿ ಉದುರಿಸಿಕೊಟ್ಟೆ. ಕಣ್ಣಲ್ಲಿ ನೀರು ಬಂದರೂ ಮತ್ತೊಂದು ಸಲ ಕೈ ಚಾಚಿದ. ಎಂಟು ತಿಂಗಳ ಮೇಲೆ ನನ್ನ ಚಟ್ನಿಯನ್ನು ಒಬ್ಬರ ಜೊತೆ ಹಂಚಿಕೊಂಡು ಉಂಡದ್ದು ಅದೇ ಮೊದಲು. ನಾನೂ ಕಣ್ಣೊರೆಸಿಕೊಂಡೆ. ಖಾರಕ್ಕೆ ಎಂದು ಫ್ರಾಂಟ್ಸ್ ತಿಳಿದುಕೊಂಡ.

ಕೊನೆಯ ದಿನ

ಆಲೋಯಿಸನ ಪಾರ್ಟಿ ಕೊನೆಯ ಆಟಕ್ಕೆ ಬಂದಿತ್ತು. ನಾನು ಮಂಕಿ ಟೋಪಿಯ ಮೇಲೆ ಮಫ್ಲರ್ ಸುತ್ತಿಕೊಂಡು ಬೆಂಚಿನ ತುದಿಯಲ್ಲಿ ಕೂತೆ. ಥಂಡಿ ಮೊಣಕಾಲಿನಿಂದ ಹತ್ತಿ ಸೊಂಟಕ್ಕೆ ಬಂದಿತ್ತು. ಯಾರ ಕೈಯಲ್ಲಾದರೂ ಒಂದು ಕಪ್ ಚಹಾ ಕಂಡರೆ ಸಾಕು ಎಂಬ ಸ್ಥಿತಿ.

ಇದನ್ನು ಬರೆಯಲು ನಾಚಿಕೆಯಾಗುತ್ತದೆ, ಆದರೂ ಬರೆಯುತ್ತೇನೆ. ಆ ಮುದುಕ ಸೋಲಲಿ ಎಂದು ನಾನು ಬೇಡಿಕೊಂಡೆ. ಕೈ ಮುಗಿದು, ಮನೆದೇವರ ಹೆಸರು ಹಿಡಿದು ಬೇಡಿಕೊಂಡೆ. ಅವನ ಒಂದೊಂದು ಸರದಿಗೂ ಒಳಗೊಳಗೇ 'ತಪ್ಪಲಿ, ತಪ್ಪಲಿ' ಎನ್ನುತ್ತಿದ್ದೆ.

ಕಡೆಯ ಎಸೆತ ಅವನದೇ. ಎದುರಾಳಿಯ ಸ್ಟಾಕು ಗುರಿಯ ಬಾಜುವಿಗೆ ಗೇಣಷ್ಟು ದೂರದಲ್ಲಿ ನಿಂತಿತ್ತು. ಅದನ್ನು ದೂಡಿದರೆ ಗೆಲುವು. ಆಲೋಯಿಸ್ ಉಬ್ಬಿನ ಮೇಲೆ ಹೆಬ್ಬೆಟ್ಟು ಇಟ್ಟ, ಕಣ್ಣು ಮುಚ್ಚಿದ, ಎದ್ದ. ಬೀಸಿ ಬಿಡುವ ಗಳಿಗೆಯಲ್ಲಿ ಅವನ ಮಣಿಕಟ್ಟು ಸ್ವಲ್ಪ ಹೊರಳಿದ್ದು ನನಗೆ ಸ್ಪಷ್ಟವಾಗಿ ಕಂಡಿತು. ನೋಡುವುದೇ ನನ್ನ ಕೆಲಸ ತಾನೆ. ಬಳೆ ಮಾತ್ರ ನಡುಗದೆ, ತಿರುಗದೆ, ಬಿಟ್ಟ ದಾರಿಯಲ್ಲೇ ನೆಟ್ಟಗೆ ಹೋಯಿತು. ಹೋಗಿ ಎದುರಾಳಿಯದನ್ನು ಒಂದು ಬೆರಳಿನ ಅಂತರದಲ್ಲಿ ತಪ್ಪಿಸಿಕೊಂಡು ಮುಂದಕ್ಕೆ ದಾಟಿತು.

ಕೈಗವಸಿನ ಚಪ್ಪಾಳೆ ಕೇಳಿಸಲೇ ಇಲ್ಲ. ಆಲೋಯಿಸ್ ಗೆದ್ದವರ ಕೈ ಕುಲುಕಿ, ನನ್ನ ಬಳಿ ಬಂದು ಬೆಂಚಿನ ಮೇಲೆ ಕೂತು, ಜೇಬಿನಿಂದ ಪಾನಾ ತೆಗೆದು ನಟ್ಟು ಸಡಿಲಿಸಿ ಬಳೆ ಬಿಚ್ಚಿದ. ಅದನ್ನು ಅಂಗಿಯಿಂದ ಒರೆಸಿ ನನ್ನ ತೊಡೆಯ ಮೇಲೆ ಇಟ್ಟ. ಅವನ ಮುಖದಲ್ಲಿ ಸಿಟ್ಟಿರಲಿಲ್ಲ.

ನನಗೆ ಬೇಕಾದದ್ದು ನನ್ನ ತೊಡೆಯ ಮೇಲೆಯೇ ಇತ್ತು. ಆದರೆ ಅದನ್ನು ಚೀಲಕ್ಕೆ ಹಾಕಿಕೊಳ್ಳಲು ನನ್ನ ಕೈ ಏಳಲಿಲ್ಲ. ದಸ್ತಗೀರಣ್ಣನಿಗೆ ಹೇಳದೆ ಬಳೆ ಕದ್ದದ್ದು ಒಂದು. ಆ ಬಳೆ ಏಳು ಸಮುದ್ರದಾಚೆ ಇಷ್ಟು ಮಂದಿಯ ಮುಂದೆ ಸೋಲಲಿ ಎಂದು ದೇವರನ್ನು ಬೇಡಿದ್ದು ಎರಡು. ಇದನ್ನು ಒಯ್ದು ಯಾವ ಮುಖದಿಂದ ಹಲಗೆಯ ಮೇಲೆ ಇಡಲಿ?

"ನೀವೇ ಇಟ್ಟುಕೊಳ್ಳಿ," ಎಂದು ಎತ್ತಿ ಅವನ ಮಡಿಲಿಗೆ ಹಾಕಿದೆ.

ಫ್ರಾಂಟ್ಸ್ ಏಕೆಂದು ಕೇಳಿದ. ನನಗೆ ದಣಿವಾಗಿದೆ ಎಂದೆ. ಅದು ಸುಳ್ಳೇನೂ ಅಲ್ಲ. ಆಲೋಯಿಸ್ ಉಬ್ಬಿನ ಮೇಲೆ ಹೆಬ್ಬೆಟ್ಟು ಇಟ್ಟುಕೊಂಡು ಬೆಟ್ಟ ನೋಡುತ್ತ ಕೂತ.

ಉದ್ಯಮಬಾಗ: ಭಟ್ಟಿಯ ಮುಂದೆ

ಊರಿಗೆ ಬಂದ ಮೂರನೆಯ ದಿನ ಬಸ್ಸು ಹಿಡಿದು ಕೆಲಸಕ್ಕೆ ಹೋದೆ. ಅಂದು ಬೀಡು ಹೊಯ್ಯುವ ದಿನ. ಮಾಲಕರು ಕರೆದು ಎಲ್ಲ ಕೇಳಿದರು, ಬಳೆ ಗಟ್ಟಿ ಇವೆ, ಸದ್ದು ಚಲೋ ಇದೆ ಎಂದು ವರದಿ ಒಪ್ಪಿಸಿದೆ. ಅಲ್ಲಿಂದ ನೇರ ಉಸುಕಿನ ರಾಶಿಯ ಕಡೆ ನಡೆದೆ. ದಸ್ತಗೀರಣ್ಣ ಅಚ್ಚು ಬಡಿಯುತ್ತ ಕೂತಿದ್ದ. ತಲೆ ಎತ್ತಲಿಲ್ಲ.

"ದಸ್ತಗೀರಣ್ಣಾ, ಆ ಮೊದಲ್ನೇ ಬಳಿ ಪೆಟ್ಟಿಗ್ಯಾಗ ಹಾಕಿದಾವ ನಾನ," ಎಂದೆ.

"ಗೊತ್ತೈತ್ರಿ."

"ಯಾವಾಗಿಂದ?"

"ಮರುದಿವ್ಸದಿಂದ. ನನ್ನ ಹೆಬ್ಬೆಟ್ಟ ಇರ್ಲಿಲ್ಲ, ತೂತ ಗ್ವಾಡಿ ಕಡೆ ಮಾಡಿ ಇಟ್ಟಿದ್ರಿ. ನಾ ಹೊಯ್ದ ಬೀಡ್ರಿ ಅದು. ನನಗ ತಿಳಿಯೂದಿಲ್ಲೇನು?"

"ಮತ್ತ ಯಾಕ ಕೇಳ್ಲಿಲ್ಲ?"

ಅವನು ಕೈಯಲ್ಲಿದ್ದ ಬಡಿಗೆ ಕೆಳಗಿಟ್ಟ. "ನೀವು ಹೇಳ್ತೀರಿ ಅಂತ ದಾರಿ ಕಾಯ್ದ್ನಿರಿ. ಬಳಿ ಹೋದದ್ದಕ್ಕ ನನಗ ಸಿಟ್ಟಿಲ್ಲ ರಾಯರ. ಅಡಚಣಿ ಐತಿ ಅಂದಿದ್ರ ನಾನ ಇಳಿಸಿ ಕೊಡ್ತಿದ್ನಿ. ಆದ್ರ ನೀವ ರಿಜೆಕ್ಟ್ ಅಂತ ಸುಣ್ಣಾ ಹಚ್ಚಿದ ಮಾಲಿಗಿ ಎಂಟ್ ತಿಂಗಳ ಎಲ್ಲಾರೂ ಹಣಿ ಹಚ್ಚಿದ್ರಲ್ರಿ. ನೀವು ನೋಡಕೋತ ನಿಂತಿದ್ರಿ. ನೀವೂ ಮುಟ್ಟತಿದ್ರಿ."

ಹೌದು. ಎಲ್ಲರಿಗಿಂತ ಮೊದಲು ಮುಟ್ಟುತ್ತಿದ್ದವನು ನಾನೇ. ಹೇಳುವುದು ಇನ್ನೂ ಒಂದು ಉಳಿದಿತ್ತು, ಅದನ್ನೂ ಹೇಳಿದೆ. ಹಾಲಿನ ಮುದುಕ, ಅವನ ಹೆಬ್ಬೆಟ್ಟು, ನನ್ನ ಬೇಡಿಕೆ, ಕೊನೆಯ ಎಸೆತ. ಕೈಗೆ ಬಂದ ಬಳೆ ಬಿಟ್ಟು ಬಂದದ್ದು.

ದಸ್ತಗೀರಣ್ಣ ಅಚ್ಚಿನ ಅಂಚಿನ ಉಸುಕನ್ನು ಬೆರಳಿನಿಂದ ಸಮ ಮಾಡಿದ. ಆಮೇಲೆ ಕೇಳಿದ, "ಸೋತದ್ದು ಬಳಿ ಏನ್ರಿ, ಕೈ ಏನ್ರಿ?"

"ಕೈ. ಬಳಿ ನೆಟ್ಟಗ ಹೋಯ್ತು. ಒಂದ್ ಕೂದಲಷ್ಟೂ ಹೊಳ್ಳಲಿಲ್ಲ."

"ಖರೇನ?"

"ಖರೇನ. ನನ್ನ ಕಣ್ಣೀಲೆ ನೋಡೀನಿ."

"ಹಂಗಾದ್ರ ಅಲ್ಲೇ ಇರ್ಲಿ ಬಿಡ್ರಿ," ಎಂದ. ತನ್ನ ಎಡಗೈ ಹೆಬ್ಬೆಟ್ಟನ್ನು ಒಂದು ಸಲ ನೋಡಿಕೊಂಡ. ಉಸುಕು ಮೆತ್ತಿದ ಕೈಯನ್ನು ಲುಂಗಿಗೆ ಒರೆಸುತ್ತ ಎದ್ದು ಹೋಗಿ, ಹಲಗೆಯ ಮೇಲಿನ ಬಳೆಯನ್ನು ಇಳಿಸಿ ಗುಜರಿಯ ರಾಶಿಗೆ ಎಸೆದ. ಭಟ್ಟಿಗೆ ಹಾಕುವವರು ಅದನ್ನು ಉಳಿದ ಚೂರುಗಳ ಜೊತೆ ಎತ್ತಿಕೊಂಡು ಹೋದರು.

ಮಧ್ಯಾಹ್ನ ಅವನು ಡಬ್ಬಿ ತಂದು ನನ್ನ ಎದುರಿಗೆ ಕೂತ. "ಚಟ್ನಿ ಉಳಿದೈತೋ, ಎಲ್ಲಾ ಆ ಮುದುಕ್ಗ ಹಾಕಿ ಬಂದ್ರೋ?" ಎಂದ. ನನಗೆ ನಗು ಬಂತು, ಅದರ ಹಿಂದೆಯೇ ಅಳುವೂ ಬಂತು.

ಊಟದ ಮೇಲೆ ಬೀಡು ಕೆಂಪಗೆ ಕರಗಿ ಸಿದ್ಧವಾಯಿತು. ಕೆಲಸದವರು ಒಬ್ಬೊಬ್ಬರಾಗಿ ಭಟ್ಟಿಯ ಕಡೆಗೆ ಹೊರಟರು. ಹಲಗೆಯ ಮೇಲೆ ಏನೂ ಇಲ್ಲದ್ದನ್ನು ಕಂಡು ಮುಂದಿನವನು ಅನುಮಾನಿಸಿ ನಿಂತ. ದಸ್ತಗೀರಣ್ಣ ಮುಂದೆ ಹೋಗಿ ಖಾಲಿ ಹಲಗೆಯನ್ನೇ ಮುಟ್ಟಿ ಹಣೆಗೆ ಒತ್ತಿಕೊಂಡ. ಉಳಿದವರೂ ಹಾಗೆಯೇ ಮಾಡಿದರು. ಎಲ್ಲರದೂ ಆದ ಮೇಲೆ ಕೊನೆಯಲ್ಲಿ ನಾನು ಕೈಯಿಟ್ಟೆ. ಹಲಗೆ ಬೆಚ್ಚಗಿತ್ತು.